ಗೋಡೆಯಿಲ್ಲದ ಮನೆಗಳು: ಫಿಲಿಪೀನ್ಸ್ ಸಿನಿಮಾದಲ್ಲಿ ಬಡತನ ಮತ್ತು ಕಾಮ

ಲಿನೋ ಬ್ರೋಕಾ ನಿರ್ದೇಶಿಸಿದ 'ಬೋನಾ' (1980) ಸಿನಿಮಾವನ್ನು ನೆನೆದರೆ ನನಗೆ ಮೊದಲು ಕಣ್ಣಿಗೆ ಕಟ್ಟುವುದು ಅದರ ಸ್ನಾನ. ಬೋನಾ ಮಧ್ಯಮವರ್ಗದ ಮನೆಯ ಹುಡುಗಿ. ಸಿನಿಮಾಗಳಲ್ಲಿ ಪುಡಿ ಪಾತ್ರ ಮಾಡುವ ಗಾರ್ಡೋ ಎಂಬವನ ಮೇಲೆ ಹುಚ್ಚು ಅಭಿಮಾನ. ತಂದೆಯ ಮನೆ ಬಿಟ್ಟು ಮನಿಲಾದ ಕೊಳೆಗೇರಿಯಲ್ಲಿರುವ ಅವನ ಗೂಡಿಗೆ ಬಂದು ಸೇರಿಕೊಳ್ಳುತ್ತಾಳೆ. ಅವನಿಗೆ ಬಿಸಿನೀರಿನ ಸ್ನಾನವೇ ಆಗಬೇಕು. ಕೊಳೆಗೇರಿಯಲ್ಲಿ ಬಿಸಿನೀರು ಎಂದರೆ ಸುಮ್ಮನೆ ಆಗುವ ಮಾತಲ್ಲ. ನೀರು ಹಿಡಿಯಬೇಕು, ಹೊತ್ತು ತರಬೇಕು, ಒಲೆ ಹಚ್ಚಬೇಕು, ಕಾಯಿಸಿ ಹದ ಮಾಡಿ ಅವನ ಬೆನ್ನಿಗೆ ಹುಯ್ಯಬೇಕು. ಇದನ್ನೆಲ್ಲ ಮಾಡುವವಳು ನೋರಾ ಔನೋರ್, ಆ ದೇಶದ ಅತಿ ದೊಡ್ಡ ತಾರೆಯರಲ್ಲಿ ಒಬ್ಬರು. ಗಾರ್ಡೋನ ಪಾತ್ರದಲ್ಲಿ ಫಿಲಿಪ್ ಸಾಲ್ವಡೋರ್ ಇದ್ದಾರೆ. ಕ್ಯಾಮೆರಾ ಅವನ ಮೈಯನ್ನು ಆಸೆಯಿಂದಲೇ ನೋಡುತ್ತದೆ, ಆದರೆ ಅವಳ ಕೈಗಳನ್ನೂ ಬಿಡುವುದಿಲ್ಲ. ಕೊನೆಗೊಂದು ದಿನ ಅವನು, ಮನೆ ಮಾರಿ ಇನ್ನೊಬ್ಬಳ ಜತೆ ದೇಶ ಬಿಟ್ಟು ಹೋಗುತ್ತೇನೆ ಅನ್ನುತ್ತಾನೆ. ಒಲೆಯ ಮೇಲೆ ಕುದಿಯುತ್ತಿದ್ದ ನೀರನ್ನು ಅವಳು ಅವನ ಮೈಮೇಲೆ ಸುರಿಯುತ್ತಾಳೆ.

ಬಡವರ ಬದುಕು ಮತ್ತು ಕಾಮ, ಎರಡನ್ನೂ ಒಂದೇ ಪಾತ್ರೆಯಲ್ಲಿ ಕುದಿಸುವ ಈ ರೀತಿ ಫಿಲಿಪೀನ್ಸ್ ಸಿನಿಮಾದಲ್ಲಿ ಐದು ದಶಕಗಳಿಂದ ನಡೆದುಬಂದಿದೆ. ಮೊದಲ ಸಲ ನೋಡುವವರಿಗೆ ಗೊಂದಲವಾಗುವುದು ಸಹಜ. ಇದು ಬಡವರ ಪರವಾಗಿ ನಿಂತ ಸಿನಿಮಾವೇ, ಅಥವಾ ಬಡವರ ಮೈ ತೋರಿಸಿ ಟಿಕೆಟ್ ಮಾರುವ ಸಿನಿಮಾವೇ? ಪ್ರಶ್ನೆ ನ್ಯಾಯವಾದದ್ದು. ಉತ್ತರ ಸಿಗಬೇಕಾದರೆ ಈ ಎರಡು ಎಳೆಗಳು ಯಾಕೆ ಹೆಣೆದುಕೊಂಡವು ಎಂಬುದನ್ನು ನೋಡಬೇಕು. ಅದರಲ್ಲಿ ಮನೆಯ ಗೋಡೆಗೂ ಪಾಲಿದೆ, ಸೆನ್ಸಾರ್ ಮಂಡಳಿಗೂ ಇದೆ, ಗಲ್ಲಾಪೆಟ್ಟಿಗೆಗೂ ಇದೆ.

ಗೋಡೆಯಿಂದಲೇ ಶುರುಮಾಡೋಣ. ನಮ್ಮ ಕಾವ್ಯಪರಂಪರೆಯಲ್ಲಿ ಶೃಂಗಾರಕ್ಕೆ ಒಂದು ಜಾಗ ಬೇಕು. ಉಪವನವೋ, ಅಂತಃಪುರವೋ, ಕೊನೆಗೆ ಬಾಗಿಲು ಹಾಕಿಕೊಳ್ಳಬಹುದಾದ ಒಂದು ಕೋಣೆಯೋ. ಮನಿಲಾದ ತೊಂಡೋದಂಥ ಕೇರಿಯಲ್ಲಿ ಅದೇ ಇಲ್ಲ. ಪ್ಲೈವುಡ್ ತುಂಡು, ತಗಡು, ಹಳೇ ಹಲಗೆ ಸೇರಿಸಿ ನಿಲ್ಲಿಸಿದ ಮನೆಗಳು ಅವು. ಅಂಥವರನ್ನು ಅಲ್ಲಿ 'ಇಸ್ಕ್ವಾಟರ್' ಎನ್ನುತ್ತಾರೆ. ಬೇರೆಯವರ ಜಾಗದಲ್ಲಿ ಗುಡಿಸಲು ಹಾಕಿಕೊಂಡವರು ಎಂದು ಅರ್ಥ, ಬೈಗುಳವಾಗಿಯೂ ಬಳಕೆಯಲ್ಲಿದೆ. ಒಂದೇ ಕೋಣೆಯಲ್ಲಿ ಅಡುಗೆ, ನಿದ್ದೆ, ಜಗಳ, ಮೈಥುನ. ಮಗಳ ಪಕ್ಕದಲ್ಲೇ ತಾಯಿ ಮಲಗಬೇಕು, ತಾಯಿಯ ಗೆಳೆಯನೂ ಮಲಗಬೇಕು. ಇಂಥ ಕಡೆ ಕಾಮ ಖಾಸಗಿಯಾಗಿರಲು ಸಾಧ್ಯವೇ ಇಲ್ಲ. ಅದು ಕಿವಿಗೆ ಬೀಳುತ್ತದೆ, ಕಣ್ಣಿಗೆ ಬೀಳುತ್ತದೆ, ಮರುದಿನ ಅಂಗಡಿಯ ಮುಂದೆ ಮಾತಿಗೂ ಬೀಳುತ್ತದೆ. ಕೊಳೆಗೇರಿಯನ್ನು ನಿಜವಾಗಿ ಚಿತ್ರಿಸಲು ಹೊರಟ ನಿರ್ದೇಶಕ ಕಾಮವನ್ನು ಬದಿಗಿಟ್ಟರೆ ಆ ಮನೆಯನ್ನೇ ಸುಳ್ಳು ಕಟ್ಟಿದಂತೆ.

ಬ್ರೋಕಾನ 'ಇನ್ಸಿಯಾಂಗ್' (1976) ಇದನ್ನು ತೋರಿಸಿದಷ್ಟು ಸ್ಪಷ್ಟವಾಗಿ ಇನ್ನೊಂದು ಸಿನಿಮಾ ತೋರಿಸಿದ್ದನ್ನು ನಾನು ಕಂಡಿಲ್ಲ. ಸಿನಿಮಾ ತೆರೆದುಕೊಳ್ಳುವುದೇ ಕಸಾಯಿಖಾನೆಯಲ್ಲಿ, ಹಂದಿಗಳನ್ನು ಕಡಿಯುವ ದೃಶ್ಯದಲ್ಲಿ. ಅಲ್ಲಿ ಕೆಲಸ ಮಾಡುವ ದಾದೋ, ಇನ್ಸಿಯಾಂಗಳ ತಾಯಿಯ ಪ್ರಿಯಕರನಾಗಿ ಆ ಇಕ್ಕಟ್ಟಿನ ಮನೆಗೆ ಬಂದು ನೆಲೆಸುತ್ತಾನೆ. ಅವನ ಕಣ್ಣು ಮಗಳ ಮೇಲೆ. ಅವಳ ಮೇಲೆ ಅವನು ಅತ್ಯಾಚಾರ ಮಾಡಿದಾಗ ತಾಯಿ ನಂಬುವುದು ಅವನನ್ನು, ಮಗಳನ್ನಲ್ಲ. ಜತೆಗೆ ಓಡಿಹೋಗೋಣ ಎಂದ ಪ್ರಿಯಕರ ಒಂದು ರಾತ್ರಿ ಹೋಟೆಲಿನಲ್ಲಿ ಕಳೆದು ಬೆಳಗಾಗುವಷ್ಟರಲ್ಲಿ ಮಾಯ. ಆಮೇಲೆ ಇನ್ಸಿಯಾಂಗ್ ಮನೆಗೆ ಮರಳಿ, ತನ್ನನ್ನು ಹಾಳುಮಾಡಿದ ಆ ಆಸೆಯನ್ನೇ ಕತ್ತಿಯಂತೆ ಹಿಡಿಯುತ್ತಾಳೆ. ದಾದೋನನ್ನು ಒಲಿಸಿಕೊಳ್ಳುತ್ತಾಳೆ, ತಾಯಿಯ ಹೊಟ್ಟೆಕಿಚ್ಚನ್ನು ಹಚ್ಚುತ್ತಾಳೆ, ತಾಯಿಯ ಕೈಯಿಂದಲೇ ಅವನ ಕೊಲೆಯಾಗುತ್ತದೆ. ಹಿಲ್ಡಾ ಕೊರೊನೆಲ್ ಮತ್ತು ತಾಯಿಯಾಗಿ ಮೋನಾ ಲಿಸಾ, ಇಬ್ಬರ ಮುಖಗಳೂ ನೋಡಿದ ಮೇಲೆ ಬಹಳ ದಿನ ಕಾಡುತ್ತವೆ. ಶೃಂಗಾರ ಮತ್ತು ಬೀಭತ್ಸ ಪರಸ್ಪರ ವಿರೋಧಿ ರಸಗಳೆಂದು ಕಾವ್ಯಮೀಮಾಂಸೆ ಓದಿದ ನಮಗೆ ಗೊತ್ತು. ಇಲ್ಲಿ ಮೊದಲ ದೃಶ್ಯದ ಹಂದಿಯ ರಕ್ತ ಮುಂದಿನ ಪ್ರತಿ ಸ್ಪರ್ಶಕ್ಕೂ ಅಂಟಿಕೊಂಡಿರುತ್ತದೆ. 1978ರಲ್ಲಿ ಇದು ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನ ಕಂಡ ಮೊದಲ ಫಿಲಿಪಿನೋ ಸಿನಿಮಾ ಆಯಿತು.

ಇನ್ನು ಮಾರುಕಟ್ಟೆಯ ಮಾತು. 1970ರ ಹೊತ್ತಿಗೆ ಅಲ್ಲಿ 'ಬೋಂಬಾ' ಎಂಬ ಹಸಿಬಿಸಿ ಚಿತ್ರಗಳ ಅಲೆ ಎದ್ದಿತ್ತು. ಬೋಂಬಾ ಎಂದರೆ ಬಾಂಬು. ರಾಜಕಾರಣಿಗಳು ಒಬ್ಬರ ಮೇಲೊಬ್ಬರು ಸಿಡಿಸುವ ಆರೋಪಗಳಿಗೂ ಅದೇ ಪದ. 1972ರ ಸೆಪ್ಟೆಂಬರಿನಲ್ಲಿ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಸೇನಾಡಳಿತ ಹೇರಿದಾಗ ಬೋಂಬಾಕ್ಕೆ ಕಡಿವಾಣ ಬಿತ್ತು, ಚಿತ್ರಕಥೆಯನ್ನು ಮೊದಲೇ ಸೆನ್ಸಾರಿಗೆ ಒಪ್ಪಿಸಬೇಕಾಯಿತು. ನಿರ್ಮಾಪಕರು ಕೈಕಟ್ಟಿ ಕೂರಲಿಲ್ಲ. 1969ರ ಮಿಸ್ ಯೂನಿವರ್ಸ್ ಗ್ಲೋರಿಯಾ ಡಿಯಾಸ್ ಅವರನ್ನು ನಾಯಕಿಯಾಗಿ ಹಾಕಿಕೊಂಡು ಸೆಲ್ಸೋ ಕಸ್ತಿಯ್ಯೋ 1974ರಲ್ಲಿ ಒಂದು ಸಿನಿಮಾ ಮಾಡಿದರು. ಅದರಲ್ಲಿ ಬಟ್ಟೆ ಬಿಚ್ಚುವ ಪ್ರಶ್ನೆ ಇಲ್ಲ, ನಾಯಕಿ ತೆಳ್ಳನೆಯ ಬಟ್ಟೆಯಲ್ಲಿ ನೀರಿನಲ್ಲಿ ನೆನೆದರೆ ಸಾಕು. ಕಾನೂನೂ ಉಳಿಯಿತು, ಟಿಕೆಟ್ಟೂ ಹೋಯಿತು. ಈ 'ನೆಂದ ಬಟ್ಟೆ' ಒಂದು ಶೈಲಿಯೇ ಆಗಿ ಹಬ್ಬಿತು. ತಾರೆಯ ಮೈ ನೆನೆಸುವ ಆ ನೀರು ಎಲ್ಲಿಂದಲೋ ಬರುತ್ತದೆ, ಯಾರೂ ಹೊತ್ತು ತಂದದ್ದಲ್ಲ. ಬೋನಾ ಹೊತ್ತು ತರುವ ನೀರಿಗೆ ತೂಕವಿದೆ. ಈ ಪರಂಪರೆಯಲ್ಲಿ ಯಾವ ಸಿನಿಮಾ ಎಂಥದ್ದು ಎಂದು ಅಳೆಯಲು ನಾನು ಹಿಡಿದುಕೊಂಡಿರುವ ಮಾಪು ಇದೇ: ಪರದೆಯ ಮೇಲಿನ ಮೈ ದುಡಿಯುವ ಮೈ ಎಂಬುದನ್ನು ಸಿನಿಮಾ ನೆನಪಿಟ್ಟುಕೊಂಡಿದೆಯೇ?

ಬ್ರೋಕಾ ಈ ಮಾರುಕಟ್ಟೆಯ ಒಳಗೇ ಇದ್ದವರು. ಒಂದು ಒಳ್ಳೇ ಸಿನಿಮಾ ಮಾಡಲು ನಾಲ್ಕಾರು ವ್ಯಾಪಾರಿ ಸಿನಿಮಾ ಮಾಡಿದರು. ಪ್ರೇಕ್ಷಕ ಯಾವುದಕ್ಕೆ ದುಡ್ಡು ಕೊಟ್ಟು ಬರುತ್ತಾನೆಂದು ಅವರಿಗೆ ಗೊತ್ತಿತ್ತು. ಬಂದವನಿಗೆ ಬೇರೇನೋ ಕಾಣಿಸುವುದು ಅವರ ದಾರಿಯಾಗಿತ್ತು. 'ಮೈನಿಲಾ ಸಾ ಮ್ಗಾ ಕುಕೋ ನಾಂಗ್ ಲಿವಾನಾಗ್' (1975), ಅಂದರೆ ಬೆಳಕಿನ ಉಗುರುಗಳಲ್ಲಿ ಸಿಕ್ಕ ಮನಿಲಾ, ಇದಕ್ಕೆ ಸಾಕ್ಷಿ. ಎಡ್ಗಾರ್ಡೋ ರೇಯೆಸ್ ಅವರ ಕಾದಂಬರಿ, ಮೈಕ್ ಡಿ ಲಿಯೋನ್ ಅವರ ಛಾಯಾಗ್ರಹಣ. ಹಳ್ಳಿಯ ಬೆಸ್ತರ ಹುಡುಗ ಹೂಲಿಯೋ, ಮನಿಲಾಕ್ಕೆ ಹೋಗಿ ಕಣ್ಮರೆಯಾದ ತನ್ನ ಪ್ರೇಯಸಿ ಲಿಗಾಯಾಳನ್ನು ಹುಡುಕಿಕೊಂಡು ಬರುತ್ತಾನೆ. ಹೊಟ್ಟೆಪಾಡಿಗೆ ಕಟ್ಟಡ ಕೆಲಸ. ಇಲ್ಲಿ ಬ್ರೋಕಾ ಬಟವಾಡೆಯ ಲೆಕ್ಕವನ್ನು ಬಿಡಿಸಿ ಬಿಡಿಸಿ ತೋರಿಸುತ್ತಾರೆ. ಸಹಿ ಹಾಕುವುದು ಒಂದು ಮೊತ್ತಕ್ಕೆ, ಕೈಗೆ ಬರುವುದು ಅದಕ್ಕಿಂತ ಕಡಿಮೆ. ಬಟವಾಡೆಯ ದಿನ ದುಡ್ಡು ಬಂದಿಲ್ಲ ಎನ್ನುತ್ತಾರೆ. ಈಗಲೇ ಬೇಕಿದ್ದರೆ ಒಂದಷ್ಟು ಮುರಿದುಕೊಂಡು ಕೊಡುತ್ತಾರೆ. ಈ ವ್ಯವಸ್ಥೆಗೆ ಕೂಲಿಗಳ ಬಾಯಲ್ಲಿ 'ತೈವಾನ್' ಎಂದು ಹೆಸರು. ಹಾಡುಗಾರನಾಗುವ ಕನಸು ಕಂಡಿದ್ದ ಒಬ್ಬ ಹುಡುಗ ಕಟ್ಟಡದ ಮೇಲಿಂದ ಬಿದ್ದು ಸಾಯುತ್ತಾನೆ, ಕೆಲಸ ಮುಂದುವರಿಯುತ್ತದೆ.

ಕೆಲಸ ಹೋದ ಹೂಲಿಯೋ ಒಂದು ಹಂತದಲ್ಲಿ ಗಂಡಸರಿಗೆ ಮೈ ಮಾರುವವರ ಲೋಕಕ್ಕೂ ಕಾಲಿಡುತ್ತಾನೆ. ಈ ಭಾಗ ಕಾದಂಬರಿಯಲ್ಲಿಲ್ಲ, ಬ್ರೋಕಾ ಸೇರಿಸಿದ್ದು. ಇದು ಬೇಕಿತ್ತೇ ಎಂದು ಆಗಲೂ ಕೇಳಿದರು, ಈಗಲೂ ಕೇಳುತ್ತಾರೆ. ಬೇಕಿತ್ತು ಎಂಬುದು ನನ್ನ ಅಭಿಪ್ರಾಯ. ಸಿಮೆಂಟು ಕಲಸಲು ಕೊಂಡ ಅದೇ ತೋಳನ್ನು ನಗರ ರಾತ್ರಿ ಇನ್ನೊಂದು ದರಕ್ಕೆ ಕೊಳ್ಳುತ್ತದೆ ಎಂಬುದು ಅಲ್ಲಿ ಒಂದೂ ಭಾಷಣವಿಲ್ಲದೆ ತಿಳಿಯುತ್ತದೆ. ಆದರೆ ನನಗೆ ಇನ್ನೂ ದೊಡ್ಡದೆನಿಸುವುದು ಲಿಗಾಯಾ ಸಿಕ್ಕ ಮೇಲಿನ ದೃಶ್ಯ. ಕೆಲಸ ಕೊಡಿಸುತ್ತೇನೆ, ಓದಿಸುತ್ತೇನೆ ಎಂದು ಕರೆತಂದ ಹೆಂಗಸು ತನ್ನನ್ನು ಹೇಗೆ ಮಾರಿದಳೆಂದು ಅವಳು ಒಂದು ಬಾಡಿಗೆ ಕೋಣೆಯಲ್ಲಿ ಹೂಲಿಯೋಗೆ ಹೇಳುತ್ತಾಳೆ. ವ್ಯಾಪಾರಿ ಸಿನಿಮಾ ಆಗಿದ್ದರೆ ಅಷ್ಟನ್ನೂ ಫ್ಲ್ಯಾಷ್‌ಬ್ಯಾಕಿನಲ್ಲಿ ತೋರಿಸುತ್ತಿತ್ತು, ಚಿತ್ರಮಂದಿರ ತುಂಬುತ್ತಿತ್ತು. ಬ್ರೋಕಾ ಅವಳ ಮುಖದ ಮೇಲೆ ನಿಂತುಬಿಡುತ್ತಾರೆ. ಅವಳಿಗಾದದ್ದು ನಮಗೆ ನೋಟವಾಗಿ ಸಿಗುವುದಿಲ್ಲ, ಅವಳ ಮಾತಾಗಿ ಸಿಗುತ್ತದೆ. (ಈ ಸಿನಿಮಾದ ದೋಷವನ್ನೂ ಹೇಳಲೇಬೇಕು. ಲಿಗಾಯಾಳನ್ನು ಕೂಡಿಹಾಕಿಕೊಂಡ ಚೀನೀ ಮೂಲದ ಆಹ್-ಟೆಕ್‌ನನ್ನು ಮನುಷ್ಯನಾಗಿ ನೋಡದೆ ಖಳನ ಅಚ್ಚಿಗೆ ಸುರಿದಿದ್ದಾರೆ. ಬಡವನ ಸಿಟ್ಟಿಗೆ ಹೊರಗಿನವನೊಬ್ಬನನ್ನು ಗುರಿ ಮಾಡಿಕೊಟ್ಟಂತೆ ಕಾಣುತ್ತದೆ. ಜನಾಂಗದ್ವೇಷದ ಆರೋಪ ಬಂದದ್ದು ಸುಮ್ಮನೆ ಅಲ್ಲ.)

ಮೂರನೆಯ ಎಳೆ ಪ್ರಭುತ್ವದ್ದು, ಇದೇ ಎಲ್ಲಕ್ಕಿಂತ ಸಿಕ್ಕು. ಮಾರ್ಕೋಸ್ ಸರ್ಕಾರಕ್ಕೆ ಬೆತ್ತಲೆಗಿಂತ ಹೆಚ್ಚು ಕಣ್ಣಿಗೆ ಚುಚ್ಚುತ್ತಿದ್ದದ್ದು ಕೊಳೆಗೇರಿ. ಅಧ್ಯಕ್ಷರ ಪತ್ನಿ ಇಮೆಲ್ಡಾ 1975ರಿಂದ ಮನಿಲಾ ಮಹಾನಗರದ ಗವರ್ನರ್ ಕೂಡ. ಸತ್ಯ, ಶಿವ, ಸುಂದರ ಎಂದು ನಾವು ಹೇಳುವ ಮಾತನ್ನೇ ಹೋಲುವ ಘೋಷಣೆ ಅವರದಾಗಿತ್ತು. ವಿದೇಶಿ ಅತಿಥಿಗಳು ಬರುವಾಗ ಕೇರಿಗಳ ಮುಂದೆ ಬೇಲಿ ಎಬ್ಬಿಸಿ ಬಿಳಿ ಬಣ್ಣ ಬಳಿಯುತ್ತಿದ್ದರು. 1976ರಲ್ಲಿ ವಿಶ್ವಬ್ಯಾಂಕ್ ಮತ್ತು ಐಎಂಎಫ್ ಸಭೆ ಮನಿಲಾದಲ್ಲಿ ನಡೆದಾಗ ಗುಡಿಸಲುಗಳನ್ನು ತೆರವು ಮಾಡಿಸಿದರು. 'ಇನ್ಸಿಯಾಂಗ್' ತೆರೆಕಂಡದ್ದು ಅದೇ ವರ್ಷ. ಬೇಲಿಯ ಹಿಂದೆ ಮುಚ್ಚಿಟ್ಟದ್ದನ್ನು ಪರದೆಯ ಮೇಲೆ ಇಟ್ಟರೆ ಸಿಟ್ಟು ಬರದೆ ಇದ್ದೀತೇ?

ಇಶ್ಮಾಯೆಲ್ ಬರ್ನಾಲ್ ಅವರ 'ಮನಿಲಾ ಬೈ ನೈಟ್' (1980) ಎದುರಿಸಿದ್ದು ಇನ್ನೂ ಕಟು. ಕುರುಡಿ ಮಸಾಜ್ ಕೆಲಸದವಳು, ಟ್ಯಾಕ್ಸಿ ಡ್ರೈವರ್, ಮಾದಕ ವಸ್ತು ಮಾರುವ ಸಲಿಂಗಕಾಮಿ ಹುಡುಗಿ, ಪ್ರತಿ ರಾತ್ರಿ ನರ್ಸಿನ ಬಿಳಿ ಸಮವಸ್ತ್ರ ತೊಟ್ಟು ಆಸ್ಪತ್ರೆಗೆಂದು ಹೊರಟು ಬೇರೆಲ್ಲಿಗೋ ಹೋಗುವ ಹೆಂಗಸು, ಇವರೆಲ್ಲರ ರಾತ್ರಿಗಳು ಒಂದಕ್ಕೊಂದು ತಾಕುತ್ತ ಸಾಗುವ ಸಿನಿಮಾ ಅದು. ಅದರೊಳಗಿನ ಕಾಮಕ್ಕಿಂತ ಅದರ ಹೆಸರಿನಲ್ಲಿದ್ದ 'ಮನಿಲಾ' ದೊಡ್ಡ ಅಪರಾಧವಾಯಿತು. ಶೀರ್ಷಿಕೆಯಿಂದ ಊರಿನ ಹೆಸರು ತೆಗೆಸಿದರು, ಸಂಭಾಷಣೆಯಲ್ಲೂ ಅಳಿಸಿದರು. 'ಸಿಟಿ ಆಫ್ಟರ್ ಡಾರ್ಕ್' ಎಂದು ಯಾವ ಊರಿನದೂ ಅಲ್ಲದ ಸಿನಿಮಾವಾಗಿ ಅದು ಬಿಡುಗಡೆಯಾಯಿತು. ಬರ್ಲಿನ್ ಚಿತ್ರೋತ್ಸವಕ್ಕೆ ಹೋಗಲು ಬಿಡಲಿಲ್ಲ.

ಹೀಗೆ ಒಂದು ಕೈಯಲ್ಲಿ ಕತ್ತರಿ ಹಿಡಿದಿದ್ದ ಸರ್ಕಾರ ಇನ್ನೊಂದು ಕೈಯಲ್ಲಿ ಏನು ಮಾಡಿತು ನೋಡಿ. ಮನಿಲಾವನ್ನು ಕಾನ್ ಮಟ್ಟದ ಚಿತ್ರೋತ್ಸವ ನಗರವಾಗಿಸಬೇಕೆಂದು ಸಮುದ್ರ ತುಂಬಿಸಿ ಪಡೆದ ನೆಲದಲ್ಲಿ ಮನಿಲಾ ಫಿಲ್ಮ್ ಸೆಂಟರ್ ಕಟ್ಟಿಸಿತು. 1982ರ ಜನವರಿಯ ಉತ್ಸವಕ್ಕೆ ಮುಗಿಯಲೇಬೇಕೆಂದು ಹಗಲೂ ರಾತ್ರಿ ಕೆಲಸ. 1981ರ ನವೆಂಬರ್ 17ರ ನಸುಕಿನಲ್ಲಿ ಸಾರುವೆ ಕುಸಿದು ಕೂಲಿಗಳು ಹಸಿ ಸಿಮೆಂಟಿನೊಳಗೆ ಬಿದ್ದರು. ರಕ್ಷಣೆಗೆ ಬಂದವರನ್ನು ಗಂಟೆಗಟ್ಟಲೆ ಒಳಗೆ ಬಿಡಲಿಲ್ಲ. ಎಷ್ಟು ಜನ ಸತ್ತರೆಂಬುದು ಇಂದಿಗೂ ವಿವಾದ. ಉತ್ಸವ ಮಾತ್ರ ನಿಗದಿಯಾದ ತಿಂಗಳಲ್ಲೇ ನಡೆಯಿತು. 1983ರ ಎರಡನೇ ಉತ್ಸವಕ್ಕೆ ಹಣ ಸಾಲದೆ ಬಂದಾಗ ಸೆನ್ಸಾರ್ ಆಗದ ಕಾಮಚಿತ್ರಗಳನ್ನು ತೋರಿಸಿ ದುಡ್ಡು ಎತ್ತಿದರು. ಕಟ್ಟಡ ಕೂಲಿಯ ಸಾವನ್ನು ಬ್ರೋಕಾ 1975ರಲ್ಲೇ ತೋರಿಸಿದ್ದರು. ಎಂಟು ವರ್ಷದ ನಂತರ ಅಂಥ ಸಾವುಗಳ ಮೇಲೆಯೇ ಎದ್ದು ನಿಂತ ಕಟ್ಟಡದಲ್ಲಿ ಸರ್ಕಾರವೇ ಮೈ ತೋರಿಸಿ ಟಿಕೆಟ್ ಹರಿಯಿತು. ಬಡತನ ಮತ್ತು ಕಾಮದ ನಂಟು ಸಿನಿಮಾದವರ ಕಲ್ಪನೆಯಲ್ಲ ಎನ್ನಲು ನನಗೆ ಇದಕ್ಕಿಂತ ಬೇರೆ ಉದಾಹರಣೆ ಬೇಡ.

ಆ ವರ್ಷಗಳಲ್ಲೇ ಚಿತ್ರರಂಗಕ್ಕೆ ಬಂದ ಎಳೆಯ ನಟಿಯರಿಗೆ ತಂಪು ಪಾನೀಯಗಳ ಹೆಸರಿಟ್ಟರು: ಕೋಕಾ, ಪೆಪ್ಸಿ, ಸಾರ್ಸಿ. ಕುಡಿದು ಬಾಟಲಿ ವಾಪಸು ಇಡುವ ಸರಕಿನ ಹೆಸರು ಅದು. ಬರೆಯುವಾಗಲೂ ಸಂಕಟವಾಗುತ್ತದೆ.

ಮಾರ್ಕೋಸ್ ಆಡಳಿತದ ಕೊನೆಗಾಲದಲ್ಲಿ ಪೆಕೆ ಗಲ್ಯಾಗ ಮಾಡಿದ 'ಸ್ಕಾರ್ಪಿಯೋ ನೈಟ್ಸ್' (1985) ಈ ಪರಂಪರೆಯ ಅತಿ ಹೆಸರಾದ ಕಾಮಚಿತ್ರ. ಹಳೇ ಮರದ ವಠಾರ. ಮೇಲಿನ ಕೋಣೆಯಲ್ಲಿ ಒಬ್ಬ ವಿದ್ಯಾರ್ಥಿ, ಕೆಳಗೆ ಸೆಕ್ಯುರಿಟಿ ಗಾರ್ಡ್ ಮತ್ತು ಅವನ ಹೆಂಡತಿ. ನೆಲಹಲಗೆಯಲ್ಲಿ ಒಂದು ತೂತು. ಗಾರ್ಡ್ ಡ್ಯೂಟಿ ಮುಗಿಸಿ ಬರುತ್ತಾನೆ, ಊಟ ಮಾಡುತ್ತಾನೆ, ಅರೆನಿದ್ದೆಯಲ್ಲಿರುವ ಹೆಂಡತಿಯ ಪಕ್ಕ ಮಲಗುತ್ತಾನೆ. ಎಲ್ಲವೂ ದಿನನಿತ್ಯದ ಪಾಳಿಯಂತೆ. ಹುಡುಗ ಆ ಕ್ರಮವನ್ನು ಕಣ್ಣಿನಲ್ಲೇ ಕಂಠಪಾಠ ಮಾಡಿ, ಒಂದು ರಾತ್ರಿ ಕೆಳಗಿಳಿದು ತಾನೂ ಹಾಗೆಯೇ ನಡೆದುಕೊಳ್ಳುತ್ತಾನೆ. ಮುಗಿಯುವುದು ಗುಂಡಿನಲ್ಲಿ. ಇದನ್ನು ಬರೀ ಪ್ರಚೋದಕ ಸಿನಿಮಾ ಎನ್ನುವವರಿದ್ದಾರೆ, ಅದನ್ನು ಪೂರ್ತಿ ಅಲ್ಲಗಳೆಯಲಾರೆ. ಆದರೆ ನೆಲದ ಆ ತೂತಿಗೆ ಕಣ್ಣಿಟ್ಟವನು ಆ ಹುಡುಗ ಒಬ್ಬನೇ ಅಲ್ಲ, ಕತ್ತಲೆಯಲ್ಲಿ ಕೂತ ನಾವೂ ಹೌದು. ಹೊರಗೆ ದೇಶದ ಅಧಿಕಾರ ಕುಸಿಯುತ್ತಿದ್ದಾಗ ಒಳಗೆ ಬೇರೇನೂ ಉಳಿಯದ ಜನ ಒಬ್ಬರಿನ್ನೊಬ್ಬರ ಮೈಗೆ ಜೋತುಬಿದ್ದ ಉಸಿರುಗಟ್ಟು ಅದರಲ್ಲಿದೆ.

ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ ಎಂದು ನಾವು ಹೇಳುತ್ತೇವೆ. ಫಿಲಿಪೀನ್ಸಿನ ತಗಾಲೋಗ್ ಭಾಷೆಯ ಗಾದೆ ಇನ್ನೂ ಖಡಕ್ಕು: ಇಕ್ಕಟ್ಟಿಗೆ ಸಿಕ್ಕವನು ಕತ್ತಿಯ ಅಲಗನ್ನಾದರೂ ಹಿಡಿಯುತ್ತಾನೆ. ಬ್ರೋಕಾ 1984ರ ಸಿನಿಮಾಕ್ಕೆ ಈ ಗಾದೆಯಿಂದಲೇ ಹೆಸರು ತೆಗೆದುಕೊಂಡರು. ಮರುವರ್ಷ ಜೀಪ್ನಿ (ಜೀಪಿನ ರೂಪದ ಬಾಡಿಗೆ ಪ್ರಯಾಣಿಕ ವಾಹನ) ಚಾಲಕರ ಮುಷ್ಕರದ ಜತೆ ನಿಂತದ್ದಕ್ಕೆ ಸೆರೆಮನೆ ಕಂಡರು. 1991ರಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡಾಗ ಅವರಿಗೆ ಇನ್ನೂ 52 ವರ್ಷ.

ಸರ್ವಾಧಿಕಾರ ಹೋದ ಮೇಲೂ ಕತ್ತರಿ ಉಳಿಯಿತು, ಕೈ ಬದಲಾಯಿತು. ವೇದಿಕೆಯ ಮೇಲೆ ಸಂಭೋಗ ಪ್ರದರ್ಶಿಸಿ ಹೊಟ್ಟೆ ಹೊರೆಯುವ ಮನಿಲಾದ ಬಡವರ ಕುರಿತ 'ಲೈವ್ ಶೋ' ಸಿನಿಮಾವನ್ನು 2001ರಲ್ಲಿ ಚರ್ಚು ಮತ್ತು ಅಧ್ಯಕ್ಷೆ ಗ್ಲೋರಿಯಾ ಅರೋಯೋ ಅವರ ಆಕ್ಷೇಪದ ಮೇಲೆ ಚಿತ್ರಮಂದಿರಗಳಿಂದ ತೆಗೆಸಿದರು. ಪ್ರತಿಭಟಿಸಿ ಸೆನ್ಸಾರ್ ಮಂಡಳಿಯ ಅಧ್ಯಕ್ಷರೇ ರಾಜೀನಾಮೆ ಕೊಟ್ಟರು. ದೊಡ್ಡ ಮಾಲ್‌ಗಳು ವಯಸ್ಕರ ಸಿನಿಮಾ ಹಾಕುವುದನ್ನೇ ನಿಲ್ಲಿಸಿದಾಗ ಇಂಥ ಚಿತ್ರಗಳಿಗೆ ಊರೊಳಗೆ ಪರದೆಯೇ ಇಲ್ಲದಂತಾಯಿತು. ಒಂದು ಪಾಲು ವಿದೇಶಿ ಚಿತ್ರೋತ್ಸವಗಳ ಕಡೆ ನಡೆಯಿತು. ಇನ್ನೊಂದು ಪಾಲು ಬಹಳ ವರ್ಷಗಳ ನಂತರ ಮೊಬೈಲಿನೊಳಗೆ ಬಂತು. 2021ರಲ್ಲಿ ಶುರುವಾದ ವಿವಾಮ್ಯಾಕ್ಸ್ ಎಂಬ ವೇದಿಕೆ ಹಳೆಯ ಬೋಲ್ಡ್ ಚಿತ್ರಗಳ ವ್ಯಾಪಾರವನ್ನೇ ಹೊಸದಾಗಿ ನಡೆಸಿತು.

ಉತ್ಸವಗಳ ದಾರಿ ಹಿಡಿದವರಲ್ಲಿ ಮುಖ್ಯರು ಬ್ರಿಲ್ಲಾಂತೆ ಮೆಂಡೋಸಾ. ಅವರ 'ಸೆರ್ಬಿಸ್' (2008) ನಡೆಯುವುದು ಒಂದು ಕಾಲಕ್ಕೆ ಅಮೆರಿಕದ ಕ್ಲಾರ್ಕ್ ವಾಯುನೆಲೆ ಪಕ್ಕದಲ್ಲಿದ್ದ ಆಂಹೆಲೆಸ್ ಪಟ್ಟಣದಲ್ಲಿ. ಪಾಳುಬಿದ್ದ ಒಂದು ಚಿತ್ರಮಂದಿರ, ಹೆಸರು 'ಫ್ಯಾಮಿಲಿ'. ಅದರಲ್ಲಿ ಓಡುವುದು ಹಳೇ ಕಾಮಚಿತ್ರಗಳು, ಬರುವವರು ಕತ್ತಲಲ್ಲಿ ಗಿರಾಕಿ ಹುಡುಕುವವರು, ಮೇಲೆ ವಾಸಿಸುವುದು ಅದನ್ನು ನಡೆಸುವ ಇಡೀ ಕುಟುಂಬ. ಬೆಳಗಿನ ಆಟಕ್ಕೆ ಇಂಥ ಚಿತ್ರ ಹಾಕಿ ಬಾಗಿಲು ತೆರೆದಿಟ್ಟುಕೊಂಡಿದ್ದ ಟಾಕೀಸುಗಳನ್ನು ಕಂಡ ನಮ್ಮ ಊರುಗಳವರಿಗೆ ಆ ಗೋಡೆಗಳ ಜಿಡ್ಡು ಹೊಸದೆನಿಸದು. ಮನೆಯ ಹುಡುಗನೊಬ್ಬನಿಗೆ ಕುಂಡೆಯ ಮೇಲೆ ಕುರು ಎದ್ದಿದೆ. ಅವನು ಕುಂಟುತ್ತಲೇ ಮೆಟ್ಟಿಲು ಹತ್ತಿ ಇಳಿದು ಪೋಸ್ಟರ್ ಬರೆಯುತ್ತಾನೆ, ಪ್ರೇಮವನ್ನೂ ಮಾಡುತ್ತಾನೆ. ಕೊನೆಗೆ ಬಾಟಲಿಯ ಬಾಯಿಟ್ಟು ಆ ಕೀವನ್ನು ತೆಗೆಯುತ್ತಾನೆ. ಒಮ್ಮೆ ಆಡೊಂದು ಒಳಗೆ ನುಗ್ಗಿತೆಂದು ದೀಪ ಹಾಕಿದಾಗ ಕತ್ತಲಲ್ಲಿದ್ದವರೆಲ್ಲ ಎದ್ದು ಓಡುತ್ತಾರೆ. ಬೀದಿಯ ವಾಹನಗಳ ಸದ್ದು ಎಷ್ಟೆಂದರೆ ಮಾತು ಕೇಳುವುದೇ ಕಷ್ಟ. ಬ್ರೋಕಾ ನಂತರ ಕಾನ್ ಸ್ಪರ್ಧೆಗೆ ಹೋದ ಮೊದಲ ಫಿಲಿಪಿನೋ ಸಿನಿಮಾ ಇದು. ಮರುವರ್ಷ 'ಕಿನಾಟಾಯ್'ಗಾಗಿ ಮೆಂಡೋಸಾ ಅಲ್ಲೇ ಅತ್ಯುತ್ತಮ ನಿರ್ದೇಶಕರಾದರು.

ಇದರ ಬೆನ್ನಿಗೇ ಬಂತು 'ಪಾವರ್ಟಿ ಪೋರ್ನ್' ಎಂಬ ಆಪಾದನೆ: ಬಿಳಿಯರ ಉತ್ಸವಕ್ಕೆ ಕೊಳಕನ್ನು ಪೊಟ್ಟಣ ಕಟ್ಟಿ ಕಳಿಸುತ್ತಾರೆ ಎಂದು. ನಮಗೆ ಇದು ಹೊಸದಲ್ಲ. 1980ರಲ್ಲಿ ನರ್ಗಿಸ್ ರಾಜ್ಯಸಭೆಯ ಸದಸ್ಯರಾಗಿದ್ದಾಗ ಸತ್ಯಜಿತ್ ರೇ ಮೇಲೆ ಇದೇ ಮಾತನ್ನೇ ಹೊರಿಸಿದ್ದರು. ಆಪಾದನೆಯಲ್ಲಿ ಸತ್ಯವೇ ಇಲ್ಲ ಎನ್ನಲಾರೆ. ಉತ್ಸವಗಳಿಗೆ ಒಂದು ರುಚಿ ಹತ್ತಿದೆ, ಆ ರುಚಿಗೆ ಅಡುಗೆ ಮಾಡುವವರೂ ಇದ್ದಾರೆ. 2011ರಲ್ಲಿ ಫಿಲಿಪಿನೋಗಳೇ ಅದನ್ನು ಗೇಲಿ ಮಾಡಿ 'ಆಂಗ್ ಬಬಾಯೆ ಸಾ ಸೆಪ್ಟಿಕ್ ಟ್ಯಾಂಕ್' ಎಂಬ ಸಿನಿಮಾ ಮಾಡಿದರು. ಅದರೊಳಗಿನ ಚಿತ್ರತಂಡ ಒಬ್ಬ ಬಡ ತಾಯಿಯ ಕಥೆಯನ್ನು ಯಾವ ಶೈಲಿಯಲ್ಲಿ ತೆಗೆದರೆ ಪ್ರಶಸ್ತಿ ಬರುತ್ತದೆಂದು ಲೆಕ್ಕ ಹಾಕುತ್ತ ಕೊಳೆಗೇರಿ ಸುತ್ತುತ್ತದೆ. ಆದರೂ 'ಸೆರ್ಬಿಸ್' ನನ್ನ ಮಾಪಿನಲ್ಲಿ ಗೆಲ್ಲುತ್ತದೆ. ಅಲ್ಲಿ ಯಾವ ಮೈಯೂ ಕೆಲಸದಿಂದ ಬಿಡುವು ಪಡೆದ ಮೈಯಲ್ಲ, ಕುರು ಎದ್ದ ಮೈ ಕೂಡ. 'ಕಿನಾಟಾಯ್' ಬಗ್ಗೆ ಅಷ್ಟು ಖಚಿತವಾಗಿ ಹೇಳಲಾರೆ. ಅದರಲ್ಲಿ ಕೊಲೆಯಾಗುವ ಹೆಂಗಸಿಗೆ ಸಾವಿನ ಹೊರತು ಬೇರೆ ಬದುಕನ್ನೇ ಸಿನಿಮಾ ಕೊಟ್ಟಿಲ್ಲ.

'ಸೆರ್ಬಿಸ್' ಚಿತ್ರಕಥೆ ಬರೆದ ಅರ್ಮಾಂಡೋ ಲಾವೋ ಅದಕ್ಕೂ ಮೊದಲು ನಿರ್ದೇಶಕ ಜೆಫ್ರಿ ಜೆತುರಿಯನ್ ಜತೆ ಕೆಲಸ ಮಾಡಿದ್ದರು. ತೊಂಬತ್ತರ ದಶಕದ ಕೊನೆಯಲ್ಲಿ ನಿರ್ಮಾಪಕರು ವಾರದೊಳಗೆ ಚಿತ್ರೀಕರಣ ಮುಗಿಸುವ 'ಪಿತೋ-ಪಿತೋ', ಅಂದರೆ ಏಳು-ಏಳು ಎಂಬ ಅಗ್ಗದ ಸಿನಿಮಾ ಪದ್ಧತಿ ತಂದಿದ್ದರು. ಜೆತುರಿಯನ್ ಬೆಳೆದದ್ದು ಅಲ್ಲಿ, ಇಂದು ಜಗತ್ತಿನಾದ್ಯಂತ ಹೆಸರಾದ ಲಾವ್ ಡಿಯಾಸ್ ಕೂಡ. ಜೆತುರಿಯನ್‌ರ 'ಪಿಲಾ ಬಾಲ್ಡೆ' (1999) ಎಂಬ ಹೆಸರಿಗೆ ಬಕೆಟ್ ಸಾಲು ಎಂದು ಅರ್ಥ. ಕೊಳಾಯಿ ಮುಂದೆ ಕೊಡ ಸಾಲಿಟ್ಟು ಕಾಯುವ ಕೊಳೆಗೇರಿಯ ಹುಡುಗಿಯ ಆಸೆ, ನೀರು ತಾನಾಗಿ ಬರುವ ಪಕ್ಕದ ಫ್ಲ್ಯಾಟಿನ ಯುವಕನ ಕಡೆ ಹರಿಯುತ್ತದೆ. ಬೋನಾಳ ನೀರು ಮತ್ತೆ ಇಲ್ಲಿ.

ಅದೇ ಜೋಡಿಯ 'ತುಹೋಗ್' (2001) ಇಷ್ಟೂ ಚರ್ಚೆಯನ್ನು ಒಂದು ಕಥೆಯೊಳಗೆ ತಂದು ಕೂರಿಸುತ್ತದೆ. ಇಲ್ಲಿನ ತಾಯಿ, ಮಗಳು ಇಬ್ಬರೂ ಒಬ್ಬನಿಂದಲೇ ದೌರ್ಜನ್ಯಕ್ಕೊಳಗಾದವರು. ತಾಯಿಗೆ ಅವನು ಹೆತ್ತ ತಂದೆ, ಮಗಳಿಗೆ ಅಜ್ಜ. ಸಿನಿಮಾದವರು ಬರುತ್ತಾರೆ, ಆದರದಿಂದ ಮಾತಾಡಿಸುತ್ತಾರೆ, ನಡೆದದ್ದನ್ನೆಲ್ಲ ಕೇಳಿ ಬರೆದುಕೊಂಡು ಕಥೆಯ ಹಕ್ಕು ಕೊಂಡು ಹೋಗುತ್ತಾರೆ. ಸಿನಿಮಾ ತಯಾರಾಗಿ ಬರುತ್ತದೆ. ತಾಯಿ ಮಗಳು ಚಿತ್ರಮಂದಿರಕ್ಕೆ ಹೋಗಿ ಎಲ್ಲರ ನಡುವೆ ಕೂರುತ್ತಾರೆ. ಪರದೆಯ ಮೇಲೆ ಅವರ ಬದುಕು ಹೆಸರು ಬದಲಿಸಿಕೊಂಡು ಬಂದಿದೆ. ಅವರಿಗೆ ನೋವಾಗಿದ್ದದ್ದು ಅಲ್ಲಿ ಸೊಗಸಾದ ಬೆಳಕಿನಲ್ಲಿ ಸುಂದರಿಯೊಬ್ಬಳ ಕಾಮಕೇಳಿಯಾಗಿದೆ. ಸುತ್ತ ಕೂತ ಜನ ಅದಕ್ಕೆ ಟಿಕೆಟ್ ಕೊಂಡು ಬಂದವರು. ಪಕ್ಕದ ಸೀಟಿನಲ್ಲಿ ಕೂತ ಈ ಇಬ್ಬರು ಹೆಂಗಸರು ಯಾರೆಂದು ಅವರಿಗೆ ಗೊತ್ತಿಲ್ಲ.